ಎಲ್ಲೆಯ ಕಲ್ಲೂ ಮಾವಿನ ಗಾಡಿಯೂ

(ಶ್ರೀನಿವಾಸಪುರದಲ್ಲಿ ಉಪಾಧ್ಯಾಯರೂ ಊರಿನ ಮಹನೀಯರೂ ನೆರೆದಿದ್ದ ಕೂಟದಲ್ಲಿ ಮಾಡಿದ ಭಾಷಣ)



ನೆರೆಹೊರೆಯ ರಾಜ್ಯಗಳು ಒಂದರೊಡನೊಂದು ಹೊಂದಿಕೊಂಡು ಬಾಳುವ ವಿಚಾರವಾಗಿ ಕಾನೂನು ಏನು ಹೇಳುತ್ತದೆ, ರಾಜಕಾರಣ ಏನು ಮಾಡುತ್ತದೆ ಎಂಬುದರ ಮೇಲೆ ನಾಲ್ಕು ಮಾತನಾಡಬೇಕೆಂದು ತಾವು ಅಪ್ಪಣೆ ಕೊಟ್ಟಿರಿ. ಈ ವಿಷಯವನ್ನು ದೊಡ್ಡ ಪಟ್ಟಣದ ವಿದ್ವತ್ಸಭೆಯೊಂದರಲ್ಲಿ ಪ್ರತಿಪಾದಿಸುವುದಾದರೆ ಯೂರೋಪಿನಿಂದ ಆರಂಭಿಸಬೇಕಾದೀತು. ಇಲ್ಲಿ ಅದರ ಅಗತ್ಯವಿಲ್ಲ. ಶ್ರೀನಿವಾಸಪುರದಿಂದ ರಾಯಲ್ಪಾಡಿನ ಮಾರ್ಗವಾಗಿ ಹೊರಟವನು ಮದನಪಲ್ಲಿಯನ್ನು ಮುಟ್ಟುತ್ತಾನೆ. ಮುಳಬಾಗಿಲಿನಿಂದ ನಂಗಲಿಯನ್ನು ದಾಟಿದವನು ಪಲಮನೇರಿಗೆ ಇಳಿಯುತ್ತಾನೆ. ಮಾಲೂರಿನವನು ದಕ್ಷಿಣಕ್ಕೆ ತಿರುಗಿದರೆ ಹೊಸೂರು ಸೀಮೆಯಲ್ಲಿ ನಿಂತಿರುತ್ತಾನೆ. ಕೋಲಾರದ ಸಂತೆಯಲ್ಲಿ ಕನ್ನಡದಲ್ಲಿ ಬೆಲೆ ಕೇಳಿ, ತೆಲುಗಿನಲ್ಲಿ ಚೌಕಾಶಿ ಮಾಡಿ, ತಮಿಳಿನಲ್ಲಿ ಗಾಡಿಯವನನ್ನು ಕರೆಯುವ ಮನುಷ್ಯನಿಗೆ ನೆರೆನಾಡುಗಳ ಪ್ರಶ್ನೆಯೆಂಬುದು ಪುಸ್ತಕದ ಪ್ರಶ್ನೆಯಲ್ಲ, ಹೊಟ್ಟೆಯ ಪ್ರಶ್ನೆ.

ಆದಕಾರಣ ನಾನು ಮಾವಿನ ಕಾಯಿಯಿಂದಲೇ ಆರಂಭಿಸುತ್ತೇನೆ.

2025ನೆಯ ಇಸವಿಯ ಜೂನ್ ತಿಂಗಳಿನಲ್ಲಿ ಈ ತಾಲ್ಲೂಕಿನ ತೋಟಗಳಲ್ಲಿ ತೋತಾಪುರಿ ಬಲಿತು ತೂಗುತ್ತಿದ್ದಾಗ ನಡೆದುದು ತಮ್ಮಲ್ಲಿ ಯಾರಿಗೂ ಮರೆತಿರಲಾರದು. ತೋತಾಪುರಿಯು ಮನೆಯ ಊಟದ ಹಣ್ಣಾಗಿ ಮಾರಾಟವಾಗುವುದು ಅಲ್ಪವೇ. ಅದರ ಬಹುಪಾಲು ತಿರುಳು ತೆಗೆಯುವ ಕಾರ್ಖಾನೆಗಳಿಗೆ ಸೇರತಕ್ಕದ್ದು. ಆ ಕಾರ್ಖಾನೆಗಳು ಹೆಚ್ಚಾಗಿ ಇರುವುದು ಎಲ್ಲೆಯ ಆಚೆ, ಚಿತ್ತೂರು ಜಿಲ್ಲೆಯಲ್ಲಿ. ಆ ವರ್ಷ ಫಸಲು ಹೆಚ್ಚಾಗಿ ಬೆಲೆ ಕುಸಿಯಿತು. ಆಂಧ್ರ ಸರ್ಕಾರದವರು ತಮ್ಮ ರೈತನ ಮೇಲೆ ಕರುಣೆಯಿಟ್ಟು, ಕಾರ್ಖಾನೆಯವರು ಕಿಲೋ ಒಂದಕ್ಕೆ 8 ರೂಪಾಯಿ ಕೊಡತಕ್ಕದ್ದೆಂದೂ, ಬೊಕ್ಕಸದಿಂದ 4 ರೂಪಾಯಿ ಕೂಡಿಸಿ ಒಟ್ಟು 12 ರೂಪಾಯಿ ರೈತನ ಕೈಗೆ ಸೇರತಕ್ಕದ್ದೆಂದೂ ಗೊತ್ತುಮಾಡಿದರು. ಇದು ಶ್ಲಾಘ್ಯವಾದ ಕೆಲಸವೇ ಸರಿ. ಆದರೆ ಅದರ ಬೆನ್ನಲ್ಲೇ, ಜೂನ್ 7ರಂದು, ಹೊರ ರಾಜ್ಯಗಳ ತೋತಾಪುರಿಯು ಚಿತ್ತೂರು ಜಿಲ್ಲೆಯನ್ನು ಪ್ರವೇಶಿಸಕೂಡದೆಂದು ಜಿಲ್ಲಾಡಳಿತದ ಆಜ್ಞೆ ಹೊರಟಿತು. ಎಲ್ಲೆಯ ಗೇಟುಗಳಲ್ಲಿ ಕಾವಲು ನಿಂತಿತು. ನಮ್ಮ ರೈತರು ಶ್ರೀನಿವಾಸಪುರದಲ್ಲಿ ಅಂಗಡಿಗಳನ್ನು ಮುಚ್ಚಿಸಿ ಬೀದಿಗಿಳಿದರು. ಜೂನ್ 11ರಂದು ಮುಖ್ಯಮಂತ್ರಿಗಳಾಗಿದ್ದ ಶ್ರೀ ಸಿದ್ದರಾಮಯ್ಯನವರು ಆಂಧ್ರದ ಮುಖ್ಯಮಂತ್ರಿಗಳಾಗಿದ್ದ ಶ್ರೀ ಚಂದ್ರಬಾಬು ನಾಯ್ಡು ಅವರಿಗೆ ಪತ್ರ ಬರೆದು, ಈ ಆಜ್ಞೆಯನ್ನು ಹಿಂತೆಗೆದುಕೊಳ್ಳಬೇಕೆಂದು ಕೇಳಿಕೊಂಡರು. ಬಳಿಕ ಕೇಂದ್ರ ಸರ್ಕಾರದವರು ಕ್ವಿಂಟಾಲಿಗೆ 1,616 ರೂಪಾಯಿಯನ್ನು ಆಧಾರವಾಗಿಟ್ಟುಕೊಂಡು, ಕರ್ನಾಟಕದ ಎರಡೂವರೆ ಲಕ್ಷ ಟನ್ನು ಮಾವಿಗೆ ಬೆಲೆಯ ಕೊರತೆಯನ್ನು ತುಂಬಿಕೊಡಲು ಒಪ್ಪಿದರು.

ಒಂದು ಪಕ್ಕಮಾತು. ತೋತಾಪುರಿಗೆ ವ್ಯಾಪಾರಿಗಳ ಬಾಯಲ್ಲಿ ಇನ್ನೊಂದು ಹೆಸರಿದೆ, 'ಬೆಂಗಳೂರ' ಎಂದು. ಎಲ್ಲೆಯಲ್ಲಿ ಬೆಂಗಳೂರಿನ ಗಾಡಿಯನ್ನು ತಡೆದವರು, ತಮ್ಮ ಸ್ವಂತ ತೋಟದಲ್ಲಿ ಬೆಂಗಳೂರನ್ನೇ ಬೆಳೆಯುತ್ತಿದ್ದರು!

ಈಗ ಕಾನೂನಿನ ಕಡೆಗೆ ಬರೋಣ. ನಮ್ಮ ಸಂವಿಧಾನದ 301ನೆಯ ಅನುಚ್ಛೇದವು ಭಾರತದ ಪ್ರದೇಶದುದ್ದಕ್ಕೂ ವಾಣಿಜ್ಯ, ವ್ಯಾಪಾರ, ಹೋಗಿಬರುವಿಕೆಗಳು ಸ್ವತಂತ್ರವಾಗಿರತಕ್ಕವೆಂದು ವಿಧಿಸುತ್ತದೆ. ಇದನ್ನು ಬರೆದವರ ಕಣ್ಣೆದುರಿಗೆ ಆಸ್ಟ್ರೇಲಿಯಾ ದೇಶದ ಸಂವಿಧಾನದ 92ನೆಯ ವಿಧಿ ಇತ್ತು. ಅಲ್ಲಿ ಬೇರೆಬೇರೆಯಾಗಿದ್ದ ವಸಾಹತುಗಳು 1901ರಲ್ಲಿ ಒಂದಾಗುವಾಗ, ಒಬ್ಬರ ಸುಂಕದ ಕಟ್ಟೆಯನ್ನು ಇನ್ನೊಬ್ಬರು ಕೆಡವಬೇಕೆಂಬುದೇ ಒಕ್ಕೂಟದ ಮುಖ್ಯವಾದ ಷರತ್ತುಗಳಲ್ಲಿ ಒಂದಾಗಿತ್ತು. ನಮ್ಮಲ್ಲಿಯಾದರೋ ಸಂಸ್ಥಾನಗಳೂ ಪ್ರಾಂತಗಳೂ ಕಲಸಿಕೊಂಡಿದ್ದ ಕಾಲ. ಗಾವುದಕ್ಕೊಂದು ಸುಂಕದ ಕಟ್ಟೆಯನ್ನು ಕಂಡ ಜನಕ್ಕೆ ಈ ವಿಧಿಯ ಬೆಲೆಯನ್ನು ಬೇರೆ ಹೇಳಬೇಕಾಗಿರಲಿಲ್ಲ.

ಈ ಸ್ವಾತಂತ್ರ್ಯಕ್ಕೆ ಮಿತಿಯಿಲ್ಲವೆ? ಇದೆ. 304ನೆಯ ಅನುಚ್ಛೇದದ ಎರಡನೆಯ ಖಂಡದಂತೆ, ಸಾರ್ವಜನಿಕ ಹಿತಕ್ಕಾಗಿ ರಾಜ್ಯವು ಯುಕ್ತವಾದ ನಿರ್ಬಂಧಗಳನ್ನು ಹೊರಿಸಬಹುದು. ಆದರೆ ಹೇಗೆ? ರಾಜ್ಯದ ವಿಧಾನಮಂಡಲವು ಕಾನೂನಿನ ಮೂಲಕ ಹೊರಿಸಬೇಕು. ಆ ಮಸೂದೆಯನ್ನು ಮಂಡಿಸುವುದಕ್ಕೆ ಮುಂಚೆ ರಾಷ್ಟ್ರಪತಿಗಳ ಮಂಜೂರಾತಿ ಬೇಕು. ಜಿಲ್ಲೆಯ ಅಧಿಕಾರಿಯ ಆಜ್ಞಾಪತ್ರವು ಕಾನೂನಲ್ಲ. ಅದು ಎಷ್ಟೇ ಸದುದ್ದೇಶದಿಂದ ಹೊರಟಿದ್ದರೂ ವಿಧಾನಮಂಡಲದ ಶಾಸನದ ಸ್ಥಾನವನ್ನು ಪಡೆಯಲಾರದು. ಅಸ್ಸಾಮಿನಿಂದ ಕಲ್ಕತ್ತೆಗೆ ಸಾಗುತ್ತಿದ್ದ ಚಹಾದ ಮೇಲೆ ಅಸ್ಸಾಮ್ ಸರ್ಕಾರದವರು ಹಾಕಿದ ತೆರಿಗೆಯನ್ನು ಸರ್ವೋಚ್ಚ ನ್ಯಾಯಾಲಯವು 1960ರಲ್ಲಿ ರದ್ದುಮಾಡಿದಾಗ, ಅಲ್ಲಿ ಕನಿಷ್ಠಪಕ್ಷಕ್ಕೆ ಶಾಸನವೊಂದಿತ್ತು. ತೆರಿಗೆಯ ವಿಚಾರವಾದ ನ್ಯಾಯಾಲಯದ ಅಭಿಪ್ರಾಯವು 2016ರಲ್ಲಿ ಒಂಬತ್ತು ಮಂದಿ ನ್ಯಾಯಮೂರ್ತಿಗಳ ಪೀಠದಿಂದ ಬದಲಾದುದೇನೋ ನಿಜ. ಆದರೆ ಗಾಡಿಯನ್ನೇ ಒಳಕ್ಕೆ ಬಿಡೆನೆಂಬುದು ತೆರಿಗೆಯ ಮಾತಲ್ಲ. ಅದು ನೇರವಾದ ತಡೆ.

ಆಂಧ್ರದ ಕಡೆಯ ವಾದವನ್ನೂ ನ್ಯಾಯವಾಗಿ ಕೇಳೋಣ. "ನಮ್ಮ ಬೊಕ್ಕಸದ 4 ರೂಪಾಯಿ ನಮ್ಮ ರೈತನಿಗಾಗಿ ಇರುವುದು. ಹೊರಗಿನ ಕಾಯಿ ಅಗ್ಗವಾಗಿ ಬಂದು ಕಾರ್ಖಾನೆಯನ್ನು ತುಂಬಿದರೆ, ನಮ್ಮ ರೈತನ ಕಾಯನ್ನು ಕೊಳ್ಳುವವರು ಯಾರು?" ಎಂದು ಅವರು ಕೇಳುತ್ತಾರೆ. ಈ ಭಯ ಸುಳ್ಳಲ್ಲ. ಆದರೆ ಅದಕ್ಕೆ ಮದ್ದು ಬೇರೆ ಇದೆ. ಸಹಾಯಧನವನ್ನು ತಮ್ಮ ರೈತನ ಪಹಣಿಯನ್ನು ನೋಡಿ ಅವನ ಲೆಕ್ಕಕ್ಕೇ ಕೊಡಬಹುದು. ಕಾರ್ಖಾನೆಯವರೊಡನೆ ಇಂತಿಷ್ಟು ಟನ್ನನ್ನು ಜಿಲ್ಲೆಯಿಂದಲೇ ಕೊಳ್ಳಬೇಕೆಂದು ಒಡಂಬಡಿಕೆ ಮಾಡಿಕೊಳ್ಳಬಹುದು. ಸಹಾಯವನ್ನು ಎಲ್ಲೆಯೊಳಗೆ ಇಟ್ಟುಕೊಳ್ಳುವುದು ಒಂದು. ಮಾರುಕಟ್ಟೆಯನ್ನೇ ಎಲ್ಲೆಯೊಳಗೆ ಬಂಧಿಸುವುದು ಇನ್ನೊಂದು.

ಯೂರೋಪಿನ ಮಾತನ್ನು ಬಿಡುತ್ತೇನೆಂದೆ. ಒಂದೇ ಒಂದನ್ನು ಮಾತ್ರ ಹೇಳಿಬಿಡುತ್ತೇನೆ, ಏಕೆಂದರೆ ಅದೂ ಹಣ್ಣಿನ ವ್ಯಾಜ್ಯವೇ. ಸ್ಪೇನ್ ದೇಶದ ಸ್ಟ್ರಾಬೆರಿ ಹಣ್ಣಿನ ಲಾರಿಗಳನ್ನು ಫ್ರಾನ್ಸಿನ ರೈತರು ದಾರಿಯಲ್ಲಿ ತಡೆದು ಹಾಳುಮಾಡುತ್ತಿದ್ದರು. ಫ್ರಾನ್ಸ್ ಸರ್ಕಾರದವರು ತಾವಾಗಿ ಏನನ್ನೂ ನಿಷೇಧಿಸಿರಲಿಲ್ಲ, ಸುಮ್ಮನೆ ನೋಡುತ್ತಿದ್ದರು. 1997ರ ಡಿಸೆಂಬರಿನಲ್ಲಿ ಯೂರೋಪಿನ ಸಮುದಾಯದ ನ್ಯಾಯಾಲಯವು, ಹಾಗೆ ಸುಮ್ಮನಿದ್ದುದೇ ತಪ್ಪೆಂದು ತೀರ್ಪಿತ್ತಿತು. ಅವು ಬೇರೆಬೇರೆ ದೇಶಗಳು. ಶತಮಾನಗಳ ಕಾಲ ಒಬ್ಬರ ಮೇಲೊಬ್ಬರು ದಂಡೆತ್ತಿ ಹೋದವರು. ನಾವೋ ಒಂದೇ ದೇಶದ ಮಕ್ಕಳು.

ಈ ಮಾತನ್ನು ಕೇಳಿ ತಾವು ಚಪ್ಪಾಳೆ ತಟ್ಟುವುದಕ್ಕೆ ಮುಂಚೆ, ನಮ್ಮ ಕೈಗಳನ್ನೂ ಒಮ್ಮೆ ನೋಡಿಕೊಳ್ಳೋಣ. 2020ರ ಮಾರ್ಚಿಯಲ್ಲಿ, ಕೊರೋನಾ ಜಾಡ್ಯ ಹರಡುತ್ತಿದ್ದಾಗ, ಕಾಸರಗೋಡಿನಿಂದ ಮಂಗಳೂರಿಗೆ ಬರುವ ದಾರಿಗಳನ್ನು ನಮ್ಮ ಕರ್ನಾಟಕದವರೇ ಮುಚ್ಚಿದರು. ಕೆಲವು ಕಡೆ ಮಣ್ಣನ್ನು ರಾಶಿಹಾಕಿ ಮುಚ್ಚಿದರು. ಮಂಗಳೂರಿನ ಆಸ್ಪತ್ರೆಗಳನ್ನೇ ನಂಬಿಕೊಂಡಿದ್ದ ಗಡಿಯ ರೋಗಿಗಳು ತಡೆಯ ಆಚೆಯಲ್ಲಿ ನಿಂತರು. ಏಪ್ರಿಲ್ 1ರಂದು ಕೇರಳದ ಉಚ್ಚ ನ್ಯಾಯಾಲಯವು ದಾರಿಯ ತಡೆಗಳನ್ನು ತೆಗೆಯಿಸಬೇಕೆಂದು ಕೇಂದ್ರ ಸರ್ಕಾರಕ್ಕೆ ವಿಧಿಸಿತು. ನಮ್ಮವರು ಸರ್ವೋಚ್ಚ ನ್ಯಾಯಾಲಯಕ್ಕೆ ಹೋದರು. ಏಪ್ರಿಲ್ 7ರಂದು, ರೋಗಿಗಳು ಬರುವುದಕ್ಕೆ ಕ್ರಮವೊಂದನ್ನು ಗೊತ್ತುಮಾಡಲಾಗಿದೆಯೆಂಬ ಹೇಳಿಕೆಯ ಮೇಲೆ ವ್ಯಾಜ್ಯ ಮುಗಿಯಿತು. ಕಾಸರಗೋಡು ಕನ್ನಡ ನಾಡೆಂದು, ಚಂದ್ರಗಿರಿ ಹೊಳೆಯ ಉತ್ತರಕ್ಕಿರುವ ಭಾಗ ನಮಗೆ ಸೇರತಕ್ಕದ್ದೆಂದು ಮಹಾಜನ್ ಆಯೋಗವು 1967ರಲ್ಲಿ ಬರೆದುದನ್ನು ನಾವು ಸಭೆಸಭೆಯಲ್ಲಿಯೂ ಎತ್ತಿ ಹೇಳುತ್ತ ಬಂದವರು. ಅದೇ ಕಾಸರಗೋಡಿನ ರೋಗಿಗೆ ಬಾಗಿಲು ಹಾಕಿದವರೂ ನಾವೇ. ಕನ್ನಡಿಗರು ಒಂದಾಗಬೇಕೆಂದು ಬಯಸುವ ನನ್ನಂಥವನಿಗೆ ಇದಕ್ಕಿಂತ ನಾಚಿಕೆಯ ಸಂಗತಿ ಇನ್ನೊಂದಿಲ್ಲ.

ಸರಿ, ಹಕ್ಕು ಇದೆ. ಅದನ್ನು ಪಡೆಯುವ ಬಗೆ ಹೇಗೆ? ರಾಜ್ಯವು ರಾಜ್ಯದ ಮೇಲೆ 131ನೆಯ ಅನುಚ್ಛೇದದಂತೆ ನೇರವಾಗಿ ಸರ್ವೋಚ್ಚ ನ್ಯಾಯಾಲಯದಲ್ಲಿ ದಾವೆ ಹೂಡಬಹುದು. ಬೆಳಗಾವಿಯ ವಿಚಾರವಾಗಿ ಮಹಾರಾಷ್ಟ್ರದವರು ಹೂಡಿದ ದಾವೆ 2004ನೆಯ ಇಸವಿಯದು. ಇಪ್ಪತ್ತು ವರ್ಷಗಳಾದರೂ ಅದು ತೀರಲಿಲ್ಲವೆಂಬುದನ್ನು ತಾವು ಬಲ್ಲಿರಿ. ಬೆಳಗಾವಿ ಕಾಯಬಲ್ಲದು, ತೋತಾಪುರಿ ಕಾಯಲಾರದು. ಕೊಯ್ದ ಕಾಯಿ ವಾರದೊಳಗೆ ಕಾರ್ಖಾನೆಯನ್ನು ಸೇರದಿದ್ದರೆ ತಿಪ್ಪೆಯನ್ನು ಸೇರುತ್ತದೆ. ಆದುದರಿಂದ ನಮಗೆ ಬೇಕಾದುದು ನ್ಯಾಯಾಲಯಕ್ಕಿಂತ ಮುಂಚಿನ ಮೆಟ್ಟಲು.

ಅದೂ ಕಾನೂನಿನಲ್ಲಿದೆ. 1956ರ ರಾಜ್ಯ ಪುನರ್ವಿಂಗಡಣಾ ಶಾಸನವು ನಮ್ಮ ನಾಡನ್ನು ಒಂದುಗೂಡಿಸಿತೆಂದು ನಾವೆಲ್ಲ ನವೆಂಬರ್ ತಿಂಗಳಲ್ಲಿ ಹಾಡಿ ಹೊಗಳುತ್ತೇವೆ. ಆದರೆ ಅದೇ ಶಾಸನದ ಮೂರನೆಯ ಭಾಗವನ್ನು ಓದಿದವರು ಎಷ್ಟು ಮಂದಿ? ನಾಡುಗಳನ್ನು ಬೇರ್ಪಡಿಸಿದ ಕೈಯೇ ಅವುಗಳ ನಡುವೆ ಐದು ವಲಯ ಪರಿಷತ್ತುಗಳನ್ನು ಕಟ್ಟಿತು. ತಮಿಳುನಾಡು, ಕರ್ನಾಟಕ, ಆಂಧ್ರ, ಕೇರಳಗಳು ಇಂದು ದಕ್ಷಿಣ ವಲಯಕ್ಕೆ ಸೇರಿವೆ. ಕೇಂದ್ರದ ಮಂತ್ರಿಯೊಬ್ಬರು ಅಧ್ಯಕ್ಷರು; ಪ್ರತಿ ರಾಜ್ಯದಿಂದ ಮುಖ್ಯಮಂತ್ರಿಗಳೂ ಇನ್ನಿಬ್ಬರು ಮಂತ್ರಿಗಳೂ ಸದಸ್ಯರು. ಆರ್ಥಿಕ ಯೋಜನೆ, ಎಲ್ಲೆಯ ವಿವಾದಗಳು, ಭಾಷಾ ಅಲ್ಪಸಂಖ್ಯಾತರು, ಅಂತರರಾಜ್ಯ ಸಾರಿಗೆ ಇವೇ ಅದರ ಕಾರ್ಯಕ್ಷೇತ್ರವೆಂದು 21ನೆಯ ಪ್ರಕರಣವು ಹೆಸರಿಸುತ್ತದೆ. ನಮ್ಮ ನಾಲ್ಕು ತಾಲ್ಲೂಕುಗಳ ದುಃಖವನ್ನೆಲ್ಲ ಕೇಳಿಕೊಂಡು ಬರೆದಂತಿದೆ ಆ ಪಟ್ಟಿ! ಕೊರತೆಯೆಲ್ಲಿದೆಯೆಂದರೆ, ಪರಿಷತ್ತಿಗೆ ಸಲಹೆ ಕೊಡುವ ಅಧಿಕಾರ ಮಾತ್ರವೇ ಇರುವುದು, ನಡೆಸುವ ಅಧಿಕಾರವಿಲ್ಲ. ಸಭೆ ಸೇರುವುದೂ ಅಪರೂಪ. ಮೂವತ್ತನೆಯ ಸಭೆ ತಿರುವನಂತಪುರದಲ್ಲಿ ನಡೆದುದು 2022ರ ಸೆಪ್ಟೆಂಬರಿನಲ್ಲಿ, ಎಂದರೆ ಶಾಸನವಾದ ಅರವತ್ತಾರು ವರ್ಷಗಳ ಮೇಲೆ. ಇನ್ನು 263ನೆಯ ಅನುಚ್ಛೇದದಂತೆ 1990ರಲ್ಲಿ ಏರ್ಪಟ್ಟ ಅಂತರರಾಜ್ಯ ಪರಿಷತ್ತಿನ ಹತ್ತನೆಯ ಸಭೆ 2006ರಲ್ಲಿ ನಡೆಯಿತು, ಹನ್ನೊಂದನೆಯದು 2016ರಲ್ಲಿ. ಒಂದು ಸಭೆ ಎದ್ದ ದಿನ ನೆಟ್ಟ ಮಾವಿನ ಸಸಿಯು ಇನ್ನೊಂದು ಸಭೆ ಕೂಡುವ ವೇಳೆಗೆ ಮರವಾಗಿ ಹಲವು ಫಸಲು ಕೊಟ್ಟಿರುತ್ತದೆ.

ಎಲ್ಲೆ ಹೇಗೆ ಬಂತೆಂಬುದನ್ನೂ ಎರಡು ಮಾತಿನಲ್ಲಿ ನೆನೆಯೋಣ. ಶ್ರೀರಂಗಪಟ್ಟಣದ 1792ರ ಒಡಂಬಡಿಕೆಯಿಂದ ಬಾರಾಮಹಲ್ ಸೀಮೆಯೂ 1799ರಲ್ಲಿ ಹೊಸೂರು ಸೀಮೆಯೂ ಇಂಗ್ಲಿಷರ ಪಾಲಾದುವು. ಪುಂಗನೂರು ಪಾಳೆಯಪಟ್ಟು ಮದರಾಸಿನ ಕಡೆ ನಿಂತಿತು. ಕೋಲಾರ ಮೈಸೂರಿಗೆ ಉಳಿಯಿತು. ಜನದ ಮಾತನ್ನಾಗಲಿ ಹೊಲದ ಬದುವನ್ನಾಗಲಿ ನೋಡಿ ಎಳೆದ ಗೆರೆಯಲ್ಲ ಅದು. ಹೀಗಿರಲಾಗಿ 1951ರ ಜನಗಣತಿಯಲ್ಲಿ ಈ ಜಿಲ್ಲೆಯವರಲ್ಲಿ ಅರ್ಧಕ್ಕೂ ಮಿಗಿಲಾದವರು ಮನೆಯ ಮಾತು ತೆಲುಗೆಂದು ಬರೆಯಿಸಿದರೆ ಆಶ್ಚರ್ಯವೇನು? ಆಂಧ್ರದವರು ಕೋಲಾರವನ್ನು ಕೇಳಿದರು. ಫಜಲ್ ಅಲಿಯವರ ಅಧ್ಯಕ್ಷತೆಯ ಆಯೋಗದವರು 1955ರಲ್ಲಿ ಜಿಲ್ಲೆಯನ್ನು ಕರ್ನಾಟಕದಲ್ಲಿಯೇ ಉಳಿಸಿದರು. ಭಾಷೆಯ ಲೆಕ್ಕವೊಂದನ್ನೇ ಹಿಡಿದಿದ್ದರೆ ನಾವು ಇಂದು ಯಾವ ರಾಜ್ಯದ ಪ್ರಜೆಗಳಾಗಿರುತ್ತಿದ್ದೆವೋ!

ಇದನ್ನು ನಾನು ಮುಚ್ಚಿಡಲಾರೆ, ಮುಚ್ಚಿಡಬೇಕಾದುದೂ ಇಲ್ಲ. ಮಾಲೂರು ತಾಲ್ಲೂಕಿನ ಮಾಸ್ತಿ ವೆಂಕಟೇಶ ಅಯ್ಯಂಗಾರ್ಯರ ಮನೆಮಾತು ತಮಿಳು. ಆ ಮಹನೀಯರು 1929ರಲ್ಲಿ, ಮುಂಬಯಿ ಪ್ರಾಂತಕ್ಕೆ ಸೇರಿದ್ದ ಬೆಳಗಾವಿಯಲ್ಲಿ, ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷಪೀಠವನ್ನೇರಿದರು. ಮುಳಬಾಗಿಲಿನಲ್ಲಿ ಹುಟ್ಟಿದ ಡಿ.ವಿ.ಗುಂಡಪ್ಪನವರು ದೇಶೀಯ ಸಂಸ್ಥಾನಗಳೂ ಅವುಗಳ ಪ್ರಜೆಗಳೂ ಭಾರತದ ಒಕ್ಕೂಟದಲ್ಲಿ ಪಡೆಯಬೇಕಾದ ಸ್ಥಾನವನ್ನು ಕುರಿತು ವರ್ಷಗಟ್ಟಲೆ ಬರೆದರು. ನಮ್ಮ ಏಕೀಕರಣವು ಇಂಥವರನ್ನು ಒಳಗೊಂಡು ಆದದ್ದು. ಮನೆಯಲ್ಲಿ ತೆಲುಗನ್ನಾಡುವ ಶ್ರೀನಿವಾಸಪುರದ ರೈತನ ಮಾವು ಆಂಧ್ರದ ಗೇಟಿನಲ್ಲಿ ಪರನಾಡಿನ ಮಾವೆನ್ನಿಸಿಕೊಂಡಿತಲ್ಲ, ಆಗ ಅವನ ಪರವಾಗಿ ಬರೆದದ್ದು ಕನ್ನಡದ ಸರ್ಕಾರ. ನಾಡೆಂದರೆ ಇದು.

ಎಲ್ಲೆಯನ್ನು ಸೌಹಾರ್ದದಿಂದ ತಿದ್ದಿಕೊಂಡ ನಿದರ್ಶನವೂ ನಮ್ಮ ಪಕ್ಕದಲ್ಲಿಯೇ ಇದೆ. ಇದೇ ಚಿತ್ತೂರು ಜಿಲ್ಲೆಯ ತಿರುತ್ತಣಿಗಾಗಿ ಆಂಧ್ರ ಮದರಾಸುಗಳು ಜಗಳವಾಡಿ, ಕಡೆಗೆ ಪಟಾಸ್ಕರ್ ಅವರನ್ನು ಮಧ್ಯಸ್ಥರನ್ನಾಗಿ ಒಪ್ಪಿದುವು. ಗ್ರಾಮವೇ ಘಟಕ, ಒಂದಕ್ಕೊಂದು ಹೊಂದಿಕೊಂಡಿರುವುದೇ ನಿಯಮ, ಬಹುಜನರ ಭಾಷೆಯೇ ಪ್ರಮಾಣವೆಂದು ಅವರು ಹಂಚಿಕೊಟ್ಟರು. 1959ರಲ್ಲಿ ಸಂಸತ್ತು ಶಾಸನ ಮಾಡಿ, 1960ರ ಏಪ್ರಿಲ್ 1ರಿಂದ ತಿರುತ್ತಣಿ ಮದರಾಸಿಗೂ ಸತ್ಯವೇಡು ಆಂಧ್ರಕ್ಕೂ ಸೇರಿತು. ಬೇಕೆಂದರೆ ಆಗುತ್ತದೆ.

ಇನ್ನು ನೀರು. ಇದರಲ್ಲಿ ನಾವು ಮೇಲಿನವರು, ನೆರೆಯವರು ಕೆಳಗಿನವರು. ಆದುದರಿಂದ ವಾದವೂ ತಲೆಕೆಳಗಾಗುತ್ತದೆ. ಪಾಲಾರ್ ಹೊಳೆಯೂ ದಕ್ಷಿಣ ಪಿನಾಕಿನಿಯೂ ನಂದಿಬೆಟ್ಟದ ಸೀಮೆಯಲ್ಲಿ ಹುಟ್ಟಿ ಕೆಳನಾಡಿಗೆ ಇಳಿಯುತ್ತವೆ. 1892ರ ಫೆಬ್ರವರಿಯಲ್ಲಿ, ಶೇಷಾದ್ರಿ ಅಯ್ಯರ್ ಅವರು ಮೈಸೂರಿನ ದಿವಾನರಾಗಿದ್ದಾಗ, ಮೈಸೂರು ಮದರಾಸುಗಳ ನಡುವೆ ಒಡಂಬಡಿಕೆಯಾಯಿತು. ಪಟ್ಟಿಯಲ್ಲಿ ಹೇಳಿದ ಹದಿನೈದು ಮುಖ್ಯ ನದಿಗಳಿಗೆ ಅಡ್ಡಲಾಗಿ ಮದರಾಸಿನ ಸಮ್ಮತಿಯಿಲ್ಲದೆ ಮೈಸೂರಿನವರು ಹೊಸ ಕಟ್ಟೆಯನ್ನಾಗಲಿ ಜಲಾಶಯವನ್ನಾಗಲಿ ಕಟ್ಟತಕ್ಕದ್ದಲ್ಲವೆಂದು ಅದರ ಸಾರ. ಬಲಿಷ್ಠನು ಬಡವನೊಡನೆ ಮಾಡಿಕೊಂಡ ಕರಾರೆಂದು ನಾವು ಅದನ್ನು ಬೈಯುವುದು ವಾಡಿಕೆ, ಬೈಯತಕ್ಕದ್ದೇ. ಆದರೂ ಅದರ ಮೂರನೆಯ ನಿಯಮವನ್ನು ಗಮನಿಸಿ: ಮೊದಲಿನಿಂದ ಇದ್ದು ವಾಸ್ತವವಾಗಿ ನಡೆದುಬಂದ ಹಕ್ಕಿನ ರಕ್ಷಣೆಗಾಗಿ ಹೊರತು ಮದರಾಸಿನವರು ಸಮ್ಮತಿಯನ್ನು ನಿರಾಕರಿಸಕೂಡದು. ಭಿನ್ನಾಭಿಪ್ರಾಯ ಬಂದರೆ ಮಧ್ಯಸ್ಥರ ಮುಂದೆ ಹೋಗತಕ್ಕದ್ದು. ಕೇಳಬೇಕು, ಕಾರಣವಿಲ್ಲದೆ ಇಲ್ಲವೆನ್ನಕೂಡದು, ಒಪ್ಪದಿದ್ದರೆ ಮೂರನೆಯವನಿಗೆ ಬಿಡಬೇಕು ಎಂಬ ಈ ಮೂರು ಅಂಶಗಳು, ಯಾರು ಬರೆದರೂ, ನೆರೆಹೊರೆಯ ಧರ್ಮವೇ.

ಬಂಗಾರಪೇಟೆ ತಾಲ್ಲೂಕಿನ ಯರಗೋಳಿನಲ್ಲಿ, ದಕ್ಷಿಣ ಪಿನಾಕಿನಿಗೆ ಸೇರುವ ಮಾರ್ಕಂಡೇಯ ಹೊಳೆಗೆ ಕಟ್ಟಿದ ಅಣೆಕಟ್ಟು ಕೋಲಾರ, ಮಾಲೂರು, ಬಂಗಾರಪೇಟೆಗಳಿಗೆ ಕುಡಿಯುವ ನೀರಿಗಾಗಿ ಆದುದು. ತಮಿಳುನಾಡಿನವರು 1892ರ ಕಾಗದವನ್ನು ಹಿಡಿದು 2018ರಲ್ಲಿ ಸರ್ವೋಚ್ಚ ನ್ಯಾಯಾಲಯದಲ್ಲಿ ದಾವೆ ಹೂಡಿದರು. 2019ರ ನವೆಂಬರ್ 14ರಂದು ನ್ಯಾಯಾಲಯವು ಅವರ ತಡೆಯಾಜ್ಞೆಯ ಅರ್ಜಿಯನ್ನು ವಜಾಮಾಡಿ, ಬೇಕಾದರೆ 1956ರ ಅಂತರರಾಜ್ಯ ಜಲವಿವಾದ ಶಾಸನದಂತೆ ನ್ಯಾಯಮಂಡಲಿಯನ್ನು ಕೇಳಿಕೊಳ್ಳಬಹುದೆಂದಿತು. 2023ರಲ್ಲಿ ಅಣೆಕಟ್ಟು ಉದ್ಘಾಟನೆಯಾಯಿತು. ನಾವು ಸಂತೋಷಪಟ್ಟೆವು; ಕೊಳವೆಬಾವಿಗಳಲ್ಲಿ ಸಾವಿರಾರು ಅಡಿ ಕೊರೆದರೂ ನೀರು ಕಾಣದ ನಾವು ಸಂತೋಷಪಡಬೇಡವೆ? ಆದರೆ ಕೃಷ್ಣಗಿರಿಯ ಜಲಾಶಯದ ಕೆಳಗೆ ಬತ್ತ ಬೆಳೆಯುವ ರೈತನ ಮನಸ್ಸಿನಲ್ಲಿ ಆ ದಿನ ಏನಿತ್ತೆಂಬುದನ್ನೂ ಶ್ರೀನಿವಾಸಪುರದ ಮಾವಿನವನು ಚೆನ್ನಾಗಿ ಬಲ್ಲ. ಮೇಲೆ ನಿಂತು ನೀರನ್ನು ಹಿಡಿದುಕೊಂಡು, ಕೆಳಗೆ ನಿಂತು ಮಾರುಕಟ್ಟೆಯನ್ನು ಬಿಡೆಂದು ಕೇಳುವವನ ಮಾತಿಗೆ ತೂಕವಿರಬೇಕಾದರೆ, ಹಿಡಿದ ನೀರಿನ ಲೆಕ್ಕವನ್ನು ಕೆಳಗಿನವನ ಮುಂದೆ ಬಿಚ್ಚಿಡಬೇಕು. ನದಿಗಳನ್ನು ಕೂಡಿ ನೋಡಿಕೊಳ್ಳಲೆಂದು 1956ರಲ್ಲಿಯೇ ನದೀ ಮಂಡಲಿಗಳ ಶಾಸನವೊಂದಾಯಿತು. ಅದರ ಕೆಳಗೆ ಒಂದಾದರೂ ಮಂಡಲಿ ಹುಟ್ಟಲಿಲ್ಲ.

ಹಾಗಾದರೆ ನಮ್ಮಂಥವರು ಮಾಡಬೇಕಾದುದೇನು? ದೆಹಲಿಯಲ್ಲಿ ಆಗಬೇಕಾದುದು ದೆಹಲಿಯವರ ಚಿತ್ತ. ನಾನು ಸೂಚಿಸುವುದು ಚಿಕ್ಕದು. ಕೋಲಾರ, ಚಿತ್ತೂರು, ಕೃಷ್ಣಗಿರಿ ಜಿಲ್ಲೆಗಳಿಗೆ ದಕ್ಷಿಣ ವಲಯ ಪರಿಷತ್ತಿನ ಅಡಿಯಲ್ಲಿ ಒಂದು ಸ್ಥಾಯೀ ಸಮಿತಿ ಬೇಕು. ಫಸಲು ಮಾರುಕಟ್ಟೆಗೆ ಇಳಿಯುವ ಮುಂಚೆ, ಏಪ್ರಿಲ್ ತಿಂಗಳಲ್ಲಿಯೇ, ಮೂರು ಕಡೆಯ ಅಧಿಕಾರಿಗಳೂ ರೈತರೂ ಕಾರ್ಖಾನೆಯವರೂ ಕುಳಿತು ತೋತಾಪುರಿಯ ಬೆಲೆಯನ್ನು ಗೊತ್ತುಮಾಡಿಕೊಳ್ಳಲಿ. ಯಾವ ಜಿಲ್ಲೆಯವರಾದರೂ ತಡೆಯ ಆಜ್ಞೆ ಹೊರಡಿಸುವುದಕ್ಕೆ ಮುಂಚೆ ಸಮಿತಿಗೆ ತಿಳಿಸಲಿ. ಯರಗೋಳಿನ ನೀರಿನ ಮಟ್ಟ ಕೃಷ್ಣಗಿರಿಯವರಿಗೂ ದಿನದಿನಕ್ಕೆ ತಿಳಿಯಲಿ. ತಿರುಳಿನ ಕಾರ್ಖಾನೆಗಳು ನಮ್ಮ ಕಡೆಯಲ್ಲಿಯೂ ಹೆಚ್ಚಲಿ. ಒಂದೇ ಗೇಟನ್ನು ನಂಬಿದವನಿಗೆ ಯಾವ ಅನುಚ್ಛೇದವೂ ಪೂರ್ತಿ ರಕ್ಷಣೆ ಕೊಡಲಾರದು.

ಉಪಾಧ್ಯಾಯರ ಪಾಲಿಗೆ ಬೇರೊಂದಿದೆ. ಮಗುವಿಗೆ ಮನೆಮಾತಿನಲ್ಲಿ ಪ್ರಾಥಮಿಕ ಶಿಕ್ಷಣದ ಅನುಕೂಲವನ್ನು ಒದಗಿಸಬೇಕೆಂದು 350ಎ ಅನುಚ್ಛೇದವು ರಾಜ್ಯಗಳಿಗೆ ವಿಧಿಸುತ್ತದೆ. ಅದೂ 1956ರಲ್ಲಿಯೇ ಬಂದುದು. ಹೊಸೂರಿನ ಕಡೆ ಕನ್ನಡದ ಶಾಲೆ ಉಳಿಯಬೇಕೆಂದು ನಾವು ಕೇಳುವಾಗ, ರಾಯಲ್ಪಾಡಿನ ಕಡೆ ತೆಲುಗಿನ ಮಗುವಿಗೆ ನಾವೇನು ಮಾಡಿದೆವೆಂದು ಅವರು ಕೇಳಿದರೆ ಕೊಡಲು ಉತ್ತರವಿರಬೇಕು.

ಪರಿಷತ್ತಿಗೂ ಮೂರು ಸರ್ಕಾರಗಳಿಗೂ ಕಳುಹಿಸತಕ್ಕ ಅರ್ಜಿಯ ಕರಡು ಮೇಜಿನ ಮೇಲಿದೆ. ಕಳೆದ ಸುಗ್ಗಿಯಲ್ಲಿ ಯಾವ ಊರಿನಿಂದ ಎಷ್ಟು ಲೋಡು ಹೊರಟಿತು, ಯಾವ ಗೇಟಿನಿಂದ ಹಿಂದಿರುಗಿತು, ಕಡೆಗೆ ಎಷ್ಟಕ್ಕೆ ಮಾರಾಟವಾಯಿತು ಎಂಬುದನ್ನು ತಂತಮ್ಮ ಊರಿನ ರೈತರನ್ನು ಕೇಳಿ ಬರೆದುಕೊಡಬೇಕೆಂದು ಉಪಾಧ್ಯಾಯರಲ್ಲಿ ಪ್ರಾರ್ಥಿಸುತ್ತೇನೆ. ಲೆಕ್ಕವಿಲ್ಲದ ಅರ್ಜಿಯನ್ನು ಕಚೇರಿಗಳಲ್ಲಿ ಯಾರೂ ಓದುವುದಿಲ್ಲ. ಅರ್ಜಿಯ ಒಂದು ಪ್ರತಿಯನ್ನು ತೆಲುಗಿನಲ್ಲಿಯೂ ಇನ್ನೊಂದನ್ನು ತಮಿಳಿನಲ್ಲಿಯೂ ಬರೆದು, ಗಡಿಯಾಚೆಯ ಮಾವಿನ ರೈತರ ಸಹಿಗೂ ಕಳುಹಿಸಬೇಕೆಂದು ನನ್ನ ಆಸೆ. ತೆಲುಗಿನ ಪ್ರತಿಯನ್ನು ಬರೆಯಲು ಇಲ್ಲಿಯ ಉಪಾಧ್ಯಾಯರೊಬ್ಬರು ಒಪ್ಪಿದ್ದಾರೆ. ತಮಿಳಿಗೆ ಮಾಲೂರಿನವರು ಯಾರಾದರೂ ಮುಂದೆ ಬರಬೇಕು.